ಇಳಿವಯಸ್ಸಿನಲ್ಲಿ ಒಬ್ಬರೇ ನೆಮ್ಮದಿಯಿಂದ ಇರಲು: ಕಲಬುರಗಿ, ಬೀದರ್, ಯಾದಗಿರಿಯ ಹಿರಿಯರಿಗೊಂದು ಮಾರ್ಗದರ್ಶಿ

ಓದುಗರು ಒಂದೇ ಪ್ರಶ್ನೆಯನ್ನು ಬೇರೆ ಬೇರೆ ಮಾತುಗಳಲ್ಲಿ ಮತ್ತೆ ಮತ್ತೆ ಕೇಳುತ್ತಿದ್ದಾರೆ. ಮಕ್ಕಳು ಹೈದರಾಬಾದಿನಲ್ಲಿಯೋ ಪುಣೆಯಲ್ಲಿಯೋ ಬೆಂಗಳೂರಿನಲ್ಲಿಯೋ ನೆಲೆಸಿದ್ದಾರೆ, ಪ್ರೀತಿಯಿಂದ ಕರೆಯುತ್ತಲೂ ಇದ್ದಾರೆ. ಆದರೆ ಇಲ್ಲಿಯ ಮನೆ, ಓಣಿ, ಗುಡಿ, ಹೊಲ ಬಿಟ್ಟು ಆರನೆಯ ಮಹಡಿಯ ಕೋಣೆಯಲ್ಲಿ ದಿನ ಎಣಿಸಲು ಜೀವ ಒಪ್ಪುತ್ತಿಲ್ಲ. ಸಂಗಾತಿ ತೀರಿಕೊಂಡಿದ್ದಾರೆ. ಎಪ್ಪತ್ತು ದಾಟಿದ ಮೇಲೆ ಒಬ್ಬರೇ ಇರಬಹುದೇ, ಇರುವುದಾದರೆ ಸಮಾಧಾನದಿಂದ ಇರುವುದು ಹೇಗೆ ಎಂಬುದು ಆ ಪ್ರಶ್ನೆ.

ಇರಬಹುದು. ನನ್ನ ಸೋದರತ್ತೆ ಆಳಂದ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಹನ್ನೊಂದು ವರ್ಷಗಳಿಂದ ಹಾಗೆಯೇ ಇದ್ದಾರೆ, ಮತ್ತು ನಾನು ಕಂಡ ಅತ್ಯಂತ ತೃಪ್ತ ಜೀವಗಳಲ್ಲಿ ಅವರದೂ ಒಂದು. ಆದರೆ ಅವರ ನೆಮ್ಮದಿ ಕೇವಲ ಸ್ವಭಾವದಿಂದ ಬಂದದ್ದಲ್ಲ ಎಂಬುದನ್ನು ನಾನು ಹತ್ತಿರದಿಂದ ನೋಡಿದ್ದೇನೆ. ಅದರ ಹಿಂದೆ ಒಂದೊಂದಾಗಿ ಮಾಡಿಕೊಂಡ ಏರ್ಪಾಡುಗಳಿವೆ. ಒಬ್ಬರೇ ಇರುವುದು ಬೇರೆ, ಯಾರಿಗೂ ತಿಳಿಯದಂತೆ ಇರುವುದು ಬೇರೆ. ಮೊದಲನೆಯದನ್ನು ಆರಿಸಿಕೊಂಡವರು ಎರಡನೆಯದಕ್ಕೆ ಜಾರದಂತೆ ನೋಡಿಕೊಳ್ಳುವುದೇ ಈ ಇಡೀ ಲೇಖನದ ಉದ್ದೇಶ.

ಆರಂಭಕ್ಕೆ ಬೇಕಾದದ್ದು ಹೆಚ್ಚೇನಿಲ್ಲ. ದೊಡ್ಡ ಅಕ್ಷರದಲ್ಲಿ ಬರೆಯಲು ಒಂದು ನೋಟ್ ಪುಸ್ತಕ, ಕಾಗದಪತ್ರ ಇಡಲು ಒಂದು ಫೈಲು, ಬಾಗಿಲಿನ ಬೀಗಕ್ಕೆ ಮೂರು ಕೀಲಿ, ಗುಂಡಿ ಒತ್ತಿ ಬಳಸುವ ಸರಳ ಫೋನು, ಒಂದು ಟಾರ್ಚು. ಇವುಗಳ ಜೊತೆಗೆ ನಿಮ್ಮ ಓಣಿಯಲ್ಲಿಯೇ ಇರುವ, ನೀವು ನಂಬುವ ಇಬ್ಬರು. ಆ ಇಬ್ಬರು ಸಿಗುವವರೆಗೆ ಮುಂದಿನ ಯಾವ ಹಂತಕ್ಕೂ ಕೈ ಹಾಕಬೇಡಿ.

ಹಂತ 1: ಮೂರು ತಿಂಗಳು ಇದ್ದು ನೋಡಿ

ಒಂದೇ ದಿನದಲ್ಲಿ "ನಾನು ಇಲ್ಲೇ ಇರುತ್ತೇನೆ" ಎಂದು ಮಕ್ಕಳಿಗೆ ಹಟದಿಂದ ಹೇಳುವ ಬದಲು ಮೂರು ತಿಂಗಳ ಅವಧಿ ಕೇಳಿಕೊಳ್ಳಿ. ನಮ್ಮ ಸೀಮೆಯಲ್ಲಿ ಇದಕ್ಕೆ ಸರಿಯಾದ ಕಾಲ ದಸರೆಯ ನಂತರದ್ದು. ಮಳೆ ನಿಂತಿರುತ್ತದೆ, ಬಿಸಿಲು ಇಳಿದಿರುತ್ತದೆ, ಎಳ್ಳ ಅಮಾವಾಸ್ಯೆಯ ಹೊತ್ತಿಗೆ ಚರಗ ಚೆಲ್ಲಲು ಮಕ್ಕಳು ಮೊಮ್ಮಕ್ಕಳು ಹೇಗೂ ಊರಿಗೆ ಬರುವವರಿರುತ್ತಾರೆ, ಆಗ ಕೂತು ಮಾತನಾಡಬಹುದು. ಏಪ್ರಿಲ್, ಮೇ ತಿಂಗಳಲ್ಲಿ ಮಾತ್ರ ಈ ಪ್ರಯೋಗವನ್ನು ಆರಂಭಿಸಬೇಡಿ; ಬೇಸಿಗೆಯನ್ನು ಒಬ್ಬರೇ ಎದುರಿಸಲು ಅಭ್ಯಾಸ ಬೇಕು.

ಕೆಲವರು ಸದ್ಯಕ್ಕೆ ಒಬ್ಬರೇ ಇರಕೂಡದು ಎಂದು ಸ್ಪಷ್ಟವಾಗಿ ಹೇಳಬೇಕಾಗುತ್ತದೆ. ಕಳೆದ ಒಂದು ವರ್ಷದಲ್ಲಿ ಎರಡು ಸಲ ಬಿದ್ದವರು, ಒಲೆಯ ಮೇಲೆ ಪಾತ್ರೆಯಿಟ್ಟು ಮರೆಯುವವರು, ಪರಿಚಿತ ಓಣಿಯಲ್ಲಿಯೇ ದಾರಿ ತಪ್ಪುವವರು, ಇನ್ಸುಲಿನ್ ತೆಗೆದುಕೊಳ್ಳುವಾಗ ಸಕ್ಕರೆ ಪ್ರಮಾಣ ದಿಢೀರನೆ ಇಳಿದು ಮಂಕಾಗುವವರು ಮೊದಲು ವೈದ್ಯರನ್ನು ಕಾಣಬೇಕು. ಸಂಗಾತಿ ತೀರಿಕೊಂಡು ವರ್ಷ ತುಂಬದವರು ಮನೆ ಮಾರುವ, ಹೊಲ ಬರೆದುಕೊಡುವ, ಊರು ಬಿಡುವ ಯಾವ ದೊಡ್ಡ ನಿರ್ಧಾರವನ್ನೂ ಮಾಡದಿರುವುದು ಒಳ್ಳೆಯದು. ದುಃಖದ ದಿನಗಳಲ್ಲಿ ಮೌನವೇ ಹಿತವೆನಿಸುತ್ತದೆ. ಅದನ್ನು ಏಕಾಂತದ ಸುಖವೆಂದು ತಪ್ಪಾಗಿ ತಿಳಿದವರು ಆರು ತಿಂಗಳ ನಂತರ ಕುಸಿದಿರುವುದುಂಟು.

ಹಂತ 2: ಮನೆಯನ್ನು ಹಗುರಗೊಳಿಸಿ

ನಾಲ್ಕು ಕೋಣೆಯ ಮನೆಯಿದ್ದರೂ ಒಬ್ಬರಿಗೆ ಒಂದು ಪಡಸಾಲೆ, ಒಂದು ಅಡುಗೆಮನೆ, ಒಂದು ಬಚ್ಚಲು ಸಾಕು. ಉಳಿದವನ್ನು ಒರೆಸಿ, ಕಿಟಕಿ ಭದ್ರಪಡಿಸಿ, ಬೀಗ ಹಾಕಿ. ದಿನವೂ ಗುಡಿಸಬೇಕಾದ ನೆಲ ಕಡಿಮೆಯಾದಷ್ಟೂ ಆಯಾಸ ಕಡಿಮೆಯಾಗುತ್ತದೆ.

ಹಿತ್ತಾಳೆಯ ಹಂಡೆ, ತಾಮ್ರದ ಕೊಡ, ಟ್ರಂಕು ತುಂಬಿದ ಇಳಕಲ್ ಸೀರೆಗಳನ್ನು "ನಾನು ಹೋದ ಮೇಲೆ ತೆಗೆದುಕೊಳ್ಳಿ" ಎಂದು ಇಟ್ಟುಕೊಳ್ಳುವ ಬದಲು ಈಗಲೇ ಕೈಯಾರೆ ಕೊಡಿ. ಯಾವ ಸೀರೆ ಯಾವ ಮದುವೆಯದು ಎಂದು ಹೇಳಿ ಕೊಡುವ ಅವಕಾಶ ಆಮೇಲೆ ಸಿಗುವುದಿಲ್ಲ. ನನ್ನ ಅತ್ತೆ ಹೀಗೆ ಕೊಟ್ಟು ಮುಗಿಸಿದ ಮೇಲೆ ಅವರ ಬಳಿ ಉಳಿದದ್ದು ಎರಡು ತಾಟು, ಮೂರು ತಂಬಿಗೆ, ಒಂದು ಹಂಚು, ಒಂದು ಕುಕ್ಕರ್, ಆರು ಸೀರೆ, ಎರಡು ಕೌದಿ. ನೆಂಟರು ಬಂದರೆ ನೆರೆಮನೆಯಿಂದ ತಾಟು ತರುತ್ತಾರೆ, ಆ ನೆಪದಲ್ಲಿ ನೆರೆಮನೆಯವರೂ ಬಂದು ಕೂರುತ್ತಾರೆ.

ಮನೆಯೊಳಗಿನ ಅಪಾಯಗಳಲ್ಲಿ ಬೀಳುವುದೇ ಎಲ್ಲಕ್ಕಿಂತ ದೊಡ್ಡದು. ನಮ್ಮಲ್ಲಿ ಬಹುತೇಕ ಹಳೆಯ ಮನೆಗಳಿಗೆ ಶಹಾಬಾದ್ ಕಲ್ಲಿನ ನೆಲಹಾಸು ಇರುತ್ತದೆ. ವರ್ಷಗಟ್ಟಲೆ ಕಾಲಾಡಿ ನುಣುಪಾದ ಈ ಪರಸಿ ಬೇಸಿಗೆಯಲ್ಲಿ ತಂಪು ಕೊಡುತ್ತದೆ, ಆದರೆ ಒಂದು ಲೋಟ ನೀರು ಚೆಲ್ಲಿದರೂ ಜಾರುತ್ತದೆ. ಬಚ್ಚಲಿನ ಕಲ್ಲನ್ನು ಕಲ್ಲುಕುಟಿಗರಿಂದ ಉಳಿ ಹೊಡೆಸಿ ಒರಟು ಮಾಡಿಸಬಹುದು. ಇಲ್ಲವೇ ಜಾರದ ರಬ್ಬರ್ ಹಾಸು ಹಾಕಿ. ಬಚ್ಚಲಿನ ಗೋಡೆಗೂ ಪಾಯಖಾನೆಯ ಪಕ್ಕಕ್ಕೂ ಹಿಡಿದುಕೊಳ್ಳಲು ಕಬ್ಬಿಣದ ಹಿಡಿಕೆಯನ್ನು ಗಟ್ಟಿಯಾಗಿ ಕೂರಿಸಿ. ನಲ್ಲಿಯನ್ನೋ ಟವೆಲ್ ಹಾಕುವ ಸರಳನ್ನೋ ಹಿಡಿದು ಏಳುವುದು ಅಪಾಯ, ಅವು ಕಿತ್ತು ಬರುತ್ತವೆ. ಬಚ್ಚಲಿಗೆ ಒಳಚಿಲಕ ಹಾಕಿಕೊಳ್ಳಬೇಡಿ. ಒಳಗೆ ಬಿದ್ದರೆ ಬಾಗಿಲು ಒಡೆಯುವ ಹೊತ್ತು ವ್ಯರ್ಥವಾಗುತ್ತದೆ.

ದಿನ ಬಳಸುವ ಡಬ್ಬಿಗಳು ಸೊಂಟದ ಮಟ್ಟದಿಂದ ಕಣ್ಣಿನ ಮಟ್ಟದೊಳಗೆ ಇರಲಿ. ಅಟ್ಟದ ಮೇಲಿನ ವಸ್ತು ಬೇಕಾದರೆ ಸ್ಟೂಲ್ ಹತ್ತದೆ, ಯಾರಾದರೂ ಬರುವವರೆಗೆ ಕಾಯಿರಿ. ನಳ ಬರುವ ದಿನ ಕೊಡ ತುಂಬಿ ಎತ್ತುವ ಅಭ್ಯಾಸ ಬಿಡಿ. ಚಿಕ್ಕ ಬಿಂದಿಗೆಯನ್ನು ಅರ್ಧ ತುಂಬಿ ಎರಡು ಸಲ ನಡೆದರೆ ಬೆನ್ನು ಉಳಿಯುತ್ತದೆ. ಬೇಸಿಗೆ ರಾತ್ರಿ ಮಾಳಿಗೆಯ ಮೇಲೆ ಮಲಗುವ ಸುಖ ನನಗೂ ಗೊತ್ತು. ಆದರೂ ಏಣಿಯ ಮೆಟ್ಟಿಲು, ಕುಂಬಿಯಿಲ್ಲದ ಮಾಳಿಗೆಯ ಅಂಚು, ನಡುರಾತ್ರಿ ಮೂತ್ರಕ್ಕೆ ಎದ್ದಾಗಿನ ನಿದ್ದೆಗಣ್ಣು, ಈ ಮೂರೂ ಕೂಡಿದರೆ ಏನಾಗಬಹುದೆಂದು ಯೋಚಿಸಿ, ಅಂಗಳದಲ್ಲಿ ಹೊರಸು ಹಾಕಿಕೊಳ್ಳಿ. ನೆಲದ ಮೇಲೆ ಮಲಗುವವರು ಹಾಸಿಗೆಯನ್ನೂ, ಬೆಳಿಗ್ಗೆ ಮೆಟ್ಟುವ ಚಪ್ಪಲಿಯನ್ನೂ ಕೊಡವಿ ನೋಡಬೇಕು. ಕಲ್ಲುಗೋಡೆಯ ಮನೆಗಳಲ್ಲಿ ಚೇಳಿನ ಭಯ ಇದ್ದದ್ದೇ.

ಹಂತ 3: ದಿನಕ್ಕೊಂದು ಗುರುತು

ಇಡೀ ಲೇಖನದಲ್ಲಿ ಒಂದೇ ಒಂದು ಸಲಹೆ ಪಾಲಿಸುವವರಿದ್ದರೆ ಇದನ್ನು ಪಾಲಿಸಿ.

ನನ್ನ ಅತ್ತೆಯ ಮನೆಯ ಮುಂದಿನ ಕಿಟಕಿಗೆ ಕಬ್ಬಿಣದ ಸರಳುಗಳಿವೆ. ಬೆಳಿಗ್ಗೆ ಎದ್ದು ಬಾಗಿಲಿಗೆ ನೀರು ಹಾಕಿದ ಕೂಡಲೇ ಅವರು ಒಂದು ಹಸಿರು ಅರಿವೆಯನ್ನು ಎಡಗಡೆಯ ಸರಳಿಗೆ ಕಟ್ಟುತ್ತಾರೆ. ಸಂಜೆ ದೀಪ ಹಚ್ಚಿದ ಮೇಲೆ ಬಿಚ್ಚಿ ಒಳಗಿಡುತ್ತಾರೆ. ಎದುರು ಮನೆಯ ಹುಡುಗಿ ಶಾಲೆಗೆ ಹೊರಡುವಾಗ ಆ ಕಿಟಕಿಯ ಕಡೆ ನೋಡುತ್ತಾಳೆ. ಅರಿವೆ ಕಾಣದಿದ್ದರೆ ಬಂದು "ಆಯಿ" ಎಂದು ಕೂಗುತ್ತಾಳೆ, ಉತ್ತರ ಬರದಿದ್ದರೆ ತನ್ನ ತಾಯಿಗೆ ಹೇಳುತ್ತಾಳೆ, ತಾಯಿಯ ಬಳಿ ಕೀಲಿ ಇದೆ. ಹನ್ನೊಂದು ವರ್ಷಗಳಲ್ಲಿ ಆ ಕೀಲಿ ಎರಡು ಸಲ ಬಳಕೆಯಾಗಿದೆ. ಒಂದು ಸಲ ಅತ್ತೆ ಜ್ವರ ಬಂದು ಏಳಲಾಗದೆ ಮಲಗಿದ್ದರು.

ಗುರುತು ಯಾವುದಾದರೂ ಆಗಬಹುದು. ರಂಗೋಲಿ, ಹಾಲಿನವನು ಬಾಗಿಲಲ್ಲಿಟ್ಟ ಹಾಲು, ಬೆಳಿಗ್ಗೆ ಏಳು ಗಂಟೆಗೆ ಮಗಳಿಗೊಂದು ಮಿಸ್ಡ್ ಕಾಲ್, ಮಸೀದಿಯಲ್ಲಿ ಫಜರ್ ನಮಾಜಿನ ಸಾಲಿನಲ್ಲಿ ನಿಮ್ಮ ಜಾಗ, ಹೀಗೆ ಯಾವುದೂ ಸರಿ. ಮೂರು ನಿಯಮ ಮಾತ್ರ ತಪ್ಪಬಾರದು: ಅದು ಪ್ರತಿದಿನ ಒಂದೇ ಹೊತ್ತಿಗೆ ನಡೆಯಬೇಕು, ಅದನ್ನು ಗಮನಿಸುವವರು ಯಾರೆಂದು ಮೊದಲೇ ಗೊತ್ತಾಗಿರಬೇಕು, ಗುರುತು ಕಾಣದಿದ್ದರೆ ಅವರು ಏನು ಮಾಡಬೇಕೆಂದು ಬಾಯಿಬಿಟ್ಟು ಹೇಳಿರಬೇಕು. ದೂರದ ಮಗನಿಗೆ ಫೋನು ಮಾಡುವುದೊಂದೇ ಏರ್ಪಾಡಾಗಿದ್ದರೆ ಅದು ಸಾಲದು. ಪುಣೆಯಿಂದ ಬಾಗಿಲು ತೆರೆಯಲಾಗುವುದಿಲ್ಲ.

ಮೂರು ಕೀಲಿಗಳಲ್ಲಿ ಒಂದು ನಿಮ್ಮಲ್ಲಿ, ಉಳಿದೆರಡು ಆ ಇಬ್ಬರಲ್ಲಿ ಇರಲಿ. ರಾತ್ರಿ ಬರೀ ಅಗಳಿ ಹಾಕಿಕೊಂಡು ಮಲಗಿದರೆ ಹೊರಗಿನ ಕೀಲಿಯಿಂದ ಪ್ರಯೋಜನವಿಲ್ಲ. ಒಳಗಿನಿಂದಲೂ ಹೊರಗಿನಿಂದಲೂ ಕೀಲಿಯಿಂದ ತೆರೆಯುವ ಬೀಗವನ್ನು ಬಾಗಿಲಿಗೆ ಕೂರಿಸಿ, ಮಲಗುವಾಗ ಒಳಗಿನ ಕೀಲಿಯನ್ನು ಅದರಲ್ಲಿಯೇ ಬಿಡದೆ ಪಕ್ಕದ ಮೊಳೆಗೆ ತೂಗುಹಾಕಿ.

ಫೋನಿನ ಹತ್ತಿರ ಗೋಡೆಯ ಮೇಲೆ ಈ ಸಂಖ್ಯೆಗಳನ್ನು ದೊಡ್ಡದಾಗಿ ಬರೆದಿಡಿ. ಆಂಬುಲೆನ್ಸಿಗೆ 108, ಪೊಲೀಸರೂ ಸೇರಿದಂತೆ ಎಲ್ಲ ತುರ್ತಿಗೆ 112, ಹಿರಿಯ ನಾಗರಿಕರ ಸಹಾಯವಾಣಿ 14567, ಅಡುಗೆ ಅನಿಲ ಸೋರಿದರೆ 1906, ಹಣದ ಆನ್‌ಲೈನ್ ವಂಚನೆಯಾದರೆ 1930. 14567ಕ್ಕೆ ಕರೆ ಮಾಡಿದರೆ ಪಿಂಚಣಿ, ಕಾನೂನು, ವೃದ್ಧಾಶ್ರಮಗಳ ಮಾಹಿತಿ ಸಿಗುತ್ತದೆ. ಮನಸ್ಸಿಗೆ ಬೇಸರವಾದಾಗಲೂ ಮಾತನಾಡಬಹುದು.

ಹಂತ 4: ಹಣ ಮತ್ತು ಕಾಗದಪತ್ರ

ಸರಳ ಬದುಕಿಗೆ ಹಣ ಕಡಿಮೆ ಸಾಕು. ಆದರೆ ಆ ಕಡಿಮೆ ಹಣ ಗೊತ್ತಾದ ದಿನ ಕೈಗೆ ಬರುವಂತಿರಬೇಕು. ಒಂದು ತಿಂಗಳು ಪ್ರತಿದಿನದ ಖರ್ಚನ್ನು ನೋಟ್ ಪುಸ್ತಕದಲ್ಲಿ ಬರೆದರೆ ನಿಮ್ಮ ಅಗತ್ಯದ ಮೊತ್ತ ತಾನೇ ತಿಳಿಯುತ್ತದೆ. ಅದರ ಆರು ಪಟ್ಟು ಹಣವನ್ನು ಕಾಯಿಲೆಗೆಂದು ಉಳಿತಾಯ ಖಾತೆಯಲ್ಲಿ ಬೇರೆಯಾಗಿಡಿ.

ಆದಾಯವಿಲ್ಲದವರು, 65 ವರ್ಷ ತುಂಬಿದ್ದರೆ, ಸಂಧ್ಯಾ ಸುರಕ್ಷಾ ಯೋಜನೆಗೆ ನಾಡಕಚೇರಿಯಲ್ಲಿ ಅರ್ಜಿ ಹಾಕಬಹುದು. ತಿಂಗಳಿಗೆ 1,200 ರೂಪಾಯಿ ದೊರೆಯುತ್ತದೆ. ನಿವೃತ್ತಿ ವೇತನ ಪಡೆಯುವವರು ಪ್ರತಿ ನವೆಂಬರಿನಲ್ಲಿ ಜೀವನ ಪ್ರಮಾಣಪತ್ರ, ಅಂದರೆ ತಾವು ಬದುಕಿರುವುದಕ್ಕೆ ಸಾಕ್ಷಿಯಾದ ಪತ್ರ, ಕೊಡಬೇಕಾಗುತ್ತದೆ. ಇದನ್ನು ಈಗ ಮೊಬೈಲಿನಲ್ಲಿ ಮುಖ ತೋರಿಸಿ ಮನೆಯಿಂದಲೇ ಸಲ್ಲಿಸಬಹುದು, ಓಣಿಯ ಓದಿದ ಹುಡುಗರಿಗೆ ಹತ್ತು ನಿಮಿಷದ ಕೆಲಸ. 70 ದಾಟಿದವರಿಗೆ ಮನೆಬಾಗಿಲಿಗೆ ಬ್ಯಾಂಕಿನ ಸೇವೆ ಒದಗಿಸಬೇಕೆಂದು ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸೂಚಿಸಿದೆ. ನಿಮ್ಮ ಶಾಖೆಯಲ್ಲಿ ಕೇಳಿ.

ಉಳಿತಾಯವನ್ನು ಎಲ್ಲಿಡಬೇಕು ಎಂಬಲ್ಲಿ ನಮ್ಮ ಜಿಲ್ಲೆಗಳ ಹಿರಿಯರು ಹೆಚ್ಚು ಎಡವುತ್ತಾರೆ. ಬ್ಯಾಂಕಿನ ಠೇವಣಿಗೆ, ಸಹಕಾರಿ ಬ್ಯಾಂಕುಗಳೂ ಸೇರಿದಂತೆ, ಒಬ್ಬರಿಗೆ ಒಂದು ಬ್ಯಾಂಕಿನಲ್ಲಿ 5 ಲಕ್ಷ ರೂಪಾಯಿಯವರೆಗೆ ವಿಮೆಯ ರಕ್ಷಣೆ ಇದೆ. ಹೆಚ್ಚು ಬಡ್ಡಿಯ ಆಸೆ ತೋರಿಸುವ ಪತ್ತಿನ ಸಂಘಗಳಿಗೆ ಈ ರಕ್ಷಣೆ ಇಲ್ಲ. ಪರಿಚಯದವರು ಏಜೆಂಟರಾಗಿದ್ದಾರೆ ಎಂಬ ಒಂದೇ ಕಾರಣಕ್ಕೆ ನಿವೃತ್ತಿಯ ಹಣವನ್ನೆಲ್ಲ ಅಲ್ಲಿಟ್ಟು ವರ್ಷಗಟ್ಟಲೆ ಅಲೆದವರನ್ನು ನಾನು ಬಲ್ಲೆ. ಅಂಚೆ ಕಚೇರಿಯ ಹಿರಿಯ ನಾಗರಿಕರ ಉಳಿತಾಯ ಯೋಜನೆಯಲ್ಲಿ 60 ದಾಟಿದವರು 30 ಲಕ್ಷ ರೂಪಾಯಿಯವರೆಗೆ ಇಡಬಹುದು, ಬಡ್ಡಿ ಮೂರು ತಿಂಗಳಿಗೊಮ್ಮೆ ಖಾತೆಗೆ ಬರುತ್ತದೆ. ನನ್ನ ಮಟ್ಟಿಗೆ ಒಬ್ಬರೇ ಇರುವವರಿಗೆ ಇದಕ್ಕಿಂತ ನಿಶ್ಚಿಂತೆಯ ದಾರಿ ಕಂಡಿಲ್ಲ.

ಎಲ್ಲ ಖಾತೆಗೂ ನಾಮಿನಿ ಬರೆಸಿ. ನಾಮಿನಿ ಎಂದರೆ ನಿಮ್ಮ ನಂತರ ಬ್ಯಾಂಕಿನಿಂದ ಹಣ ಪಡೆದುಕೊಳ್ಳುವ ವ್ಯಕ್ತಿ ಮಾತ್ರ. ಆ ಹಣದ ಒಡೆಯ ಯಾರು ಎಂಬುದನ್ನು ಮೃತ್ಯುಪತ್ರ ಅಥವಾ ವಾರಸುದಾರಿಕೆಯ ಕಾನೂನು ನಿರ್ಧರಿಸುತ್ತದೆ. ಮೃತ್ಯುಪತ್ರವನ್ನು ಬಿಳಿ ಹಾಳೆಯಲ್ಲಿಯೂ ಬರೆಯಬಹುದು, ಛಾಪಾ ಕಾಗದ ಬೇಕಿಲ್ಲ, ನೋಂದಣಿಯೂ ಕಡ್ಡಾಯವಲ್ಲ. ಇಬ್ಬರು ಸಾಕ್ಷಿಗಳ ಸಹಿ ಮಾತ್ರ ಬೇಕೇ ಬೇಕು. ಪಾಲು ಪಡೆಯುವವರನ್ನು ಸಾಕ್ಷಿಯಾಗಿ ಮಾಡದಿರುವುದು ಮುಂದಿನ ಜಗಳವನ್ನು ತಪ್ಪಿಸುತ್ತದೆ.

ಇನ್ನೊಂದು ಎಚ್ಚರಿಕೆಯನ್ನು ಕೈಮುಗಿದು ಹೇಳುತ್ತೇನೆ: ನೀವು ವಾಸವಿರುವ ಮನೆಯನ್ನು ಬದುಕಿರುವಾಗಲೇ ದಾನಪತ್ರದ ಮೂಲಕ ಯಾರಿಗೂ ಬರೆದುಕೊಡಬೇಡಿ. ಮೃತ್ಯುಪತ್ರ ನಿಮ್ಮ ನಂತರ ಜಾರಿಗೆ ಬರುತ್ತದೆ, ಮನಸ್ಸು ಬದಲಾದರೆ ಬದಲಿಸಬಹುದು; ದಾನಪತ್ರ ನೋಂದಣಿಯಾದ ದಿನವೇ ಆಸ್ತಿ ಕೈತಪ್ಪುತ್ತದೆ. ಕೊಡಲೇಬೇಕಾಗಿ ಬಂದರೆ, "ಆಸ್ತಿ ಪಡೆದವರು ನನ್ನ ಊಟ, ವಸತಿ, ಔಷಧೋಪಚಾರ ನೋಡಿಕೊಳ್ಳತಕ್ಕದ್ದು" ಎಂಬ ಷರತ್ತನ್ನು ಪತ್ರದಲ್ಲಿಯೇ ಬರೆಸಿ. ಪೋಷಕರ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕ್ಷೇಮ ಕಾಯ್ದೆ, 2007ರ ಸೆಕ್ಷನ್ 23 ಇಂಥ ಷರತ್ತು ಮುರಿದಾಗ ಆ ಪತ್ರವನ್ನು ರದ್ದುಪಡಿಸುವ ದಾರಿ ತೋರಿಸುತ್ತದೆ. ಅರ್ಜಿಯನ್ನು ಉಪವಿಭಾಗಾಧಿಕಾರಿಯ, ಅಂದರೆ ಸಹಾಯಕ ಆಯುಕ್ತರ, ಕಚೇರಿಗೆ ಕೊಡಬೇಕು. ಕಲಬುರಗಿ ಜಿಲ್ಲೆಯಲ್ಲಿ ಈ ಕಚೇರಿ ಕಲಬುರಗಿ ಮತ್ತು ಸೇಡಂನಲ್ಲಿ, ಬೀದರ್ ಜಿಲ್ಲೆಯಲ್ಲಿ ಬೀದರ್ ಮತ್ತು ಬಸವಕಲ್ಯಾಣದಲ್ಲಿ, ಯಾದಗಿರಿ ಜಿಲ್ಲೆಯವರಿಗೆ ಯಾದಗಿರಿಯಲ್ಲಿದೆ.

ಫೋನಿನಲ್ಲಿ ಪೊಲೀಸರ ವೇಷ ತೋರಿಸಿ "ನಿಮ್ಮನ್ನು ಡಿಜಿಟಲ್ ಅರೆಸ್ಟ್ ಮಾಡಿದ್ದೇವೆ, ಯಾರಿಗೂ ಹೇಳಬೇಡಿ, ಹಣ ಕಳಿಸಿ" ಎನ್ನುವ ಕರೆಗಳು ಒಬ್ಬರೇ ಇರುವ ಹಿರಿಯರನ್ನೇ ಹುಡುಕಿ ಬರುತ್ತವೆ. ಅಂಥ ಬಂಧನ ನಮ್ಮ ಕಾನೂನಿನಲ್ಲಿ ಇಲ್ಲವೇ ಇಲ್ಲ. "ಯಾರಿಗೂ ಹೇಳಬೇಡಿ" ಎಂದ ಕ್ಷಣವೇ ಫೋನು ಇಟ್ಟು, ಹೊರಗೆ ಬಂದು, ಕಟ್ಟೆಯ ಮೇಲೆ ಕೂತಿರುವ ಮೊದಲ ವ್ಯಕ್ತಿಗೆ ಹೇಳಿ.

ಹಂತ 5: ಅಡುಗೆ

ಒಬ್ಬರಿಗಾಗಿ ಒಲೆ ಹಚ್ಚುವುದೇಕೆ ಎಂಬ ಆಲಸ್ಯದಿಂದ ಚಹಾ ಮತ್ತು ಬಿಸ್ಕಿಟಿನಲ್ಲಿ ಹೊತ್ತು ಕಳೆಯುವುದು ಒಂಟಿ ಹಿರಿಯರ ಸಾಮಾನ್ಯ ತಪ್ಪು. ಮೈಯಲ್ಲಿ ಕಸುವು ಕುಂದಿದರೆ ಕಾಲು ನಡುಗುತ್ತದೆ, ಕಾಲು ನಡುಗಿದರೆ ಬೀಳುತ್ತೀರಿ.

ನಮ್ಮ ಊಟವೇ ಇದಕ್ಕೆ ಮದ್ದು. ವಾರಕ್ಕೊಮ್ಮೆ ಯಾರಿಂದಲಾದರೂ ಕಡಕ್ ರೊಟ್ಟಿ ಬಡಿಸಿಕೊಂಡರೆ ಏಳು ದಿನವೂ ಹಿಟ್ಟು ಕಲಸುವ ಶ್ರಮವಿಲ್ಲ. ಹಲ್ಲಿಲ್ಲದವರು ರೊಟ್ಟಿಯನ್ನು ಬ್ಯಾಳಿಯಲ್ಲಿಯೋ ಮಜ್ಜಿಗೆಯಲ್ಲಿಯೋ ನೆನೆಸಿ ತಿನ್ನಬಹುದು, ಬಿಸಿ ರೊಟ್ಟಿ ಸಿಕ್ಕ ದಿನ ಮುಟಗಿ ಮಾಡಿಕೊಳ್ಳಬಹುದು, ಜೋಳದ ನುಚ್ಚು ಕುದಿಸಿಕೊಳ್ಳಬಹುದು. 2019ರಲ್ಲಿ ಭೌಗೋಳಿಕ ಸೂಚಕ ಮಾನ್ಯತೆ ಪಡೆದ ನಮ್ಮ ತೊಗರಿ ಬೇಳೆಯ 100 ಗ್ರಾಮಿನಲ್ಲಿ ಸುಮಾರು 22 ಗ್ರಾಮಿನಷ್ಟು ಪ್ರೋಟೀನ್, ಅಂದರೆ ಸ್ನಾಯುಗಳನ್ನು ಕಾಯುವ ಸತ್ವ, ಇರುತ್ತದೆ. ಎರಡು ಹೊತ್ತೂ ಒಂದೊಂದು ಬಟ್ಟಲು ಗಟ್ಟಿ ಬ್ಯಾಳಿ, ಒಂದು ಲೋಟ ಹಾಲು ಅಥವಾ ಮೊಸರು, ಪುಂಡಿಪಲ್ಯವೋ ಮೆಂತ್ಯವೋ ಯಾವುದಾದರೊಂದು ಸೊಪ್ಪು, ತಿನ್ನುವವರಿಗೆ ಮೊಟ್ಟೆ, ಇಷ್ಟಿದ್ದರೆ ಸಾಕು. ಮೂತ್ರಪಿಂಡದ ಕಾಯಿಲೆಯವರು ಮಾತ್ರ ಬೇಳೆಯ ಪ್ರಮಾಣವನ್ನು ವೈದ್ಯರಲ್ಲಿ ಕೇಳಬೇಕು. ಶೇಂಗಾ ಹಿಂಡಿ, ಅಗಸಿ ಹಿಂಡಿ ಒಳ್ಳೆಯವು. ರಕ್ತದೊತ್ತಡ ಇರುವವರು ಅವುಗಳಿಗೆ ಉಪ್ಪು ಕಡಿಮೆ ಹಾಕಿ ಕುಟ್ಟಿಸಿಕೊಳ್ಳಲಿ, ಉಪ್ಪಿನಕಾಯಿಯನ್ನು ದೂರವಿಡಲಿ.

ವಾರಕ್ಕೆ ಒಂದು ಹೊತ್ತಾದರೂ ಇನ್ನೊಬ್ಬರ ಜೊತೆ ಕೂತು ಉಣ್ಣಿ. ಕಲಬುರಗಿಯವರಿಗೆ ದಾಸೋಹದ ಪಂಕ್ತಿ ಹೊಸದಲ್ಲ, ಬೀದರಿನ ನಾನಕ್ ಝೀರಾ ಗುರುದ್ವಾರದ ಲಂಗರಿನಲ್ಲಿ ಯಾರು ಬೇಕಾದರೂ ಕೂರಬಹುದು. ಪಂಕ್ತಿಯಲ್ಲಿ ಕೂರುವುದನ್ನು ಸಂಕೋಚವೆಂದು ತಿಳಿಯಬೇಡಿ. ಉಂಡ ಮೇಲೆ ಸೊಪ್ಪು ಸೋಸಿ ಕೊಟ್ಟೋ ತಾಟು ತೊಳೆದೋ ಬರಬಹುದಲ್ಲ.

ಹಂತ 6: ಬೇಸಿಗೆಗೆ ಬೇರೆಯೇ ಕ್ರಮ

ನಮ್ಮಲ್ಲಿ ಏಪ್ರಿಲ್, ಮೇ ತಿಂಗಳ ಉಷ್ಣಾಂಶ 42 ಡಿಗ್ರಿ ದಾಟುವುದು ಸಾಮಾನ್ಯ. ಸರ್ಕಾರಿ ಕಚೇರಿಗಳೇ ಈ ಭಾಗದಲ್ಲಿ ಆ ಎರಡು ತಿಂಗಳು ಬೆಳಿಗ್ಗೆ 8ರಿಂದ ಮಧ್ಯಾಹ್ನ 1.30ರವರೆಗೆ ನಡೆಯುವ ರೂಢಿ ಇದೆ. ನೀವೂ ಅದೇ ವೇಳಾಪಟ್ಟಿ ಹಾಕಿಕೊಳ್ಳಿ. ಸಂತೆ, ಬ್ಯಾಂಕು, ದವಾಖಾನೆಯ ಕೆಲಸಗಳೆಲ್ಲ ಹತ್ತು ಗಂಟೆಯೊಳಗೆ ಮುಗಿಯಲಿ, ಆಮೇಲೆ ಸಂಜೆ ಐದರವರೆಗೆ ನೆರಳು.

ವಯಸ್ಸಾದಂತೆ ಬಾಯಾರಿಕೆಯ ಅರಿವು ಮಂದವಾಗುತ್ತದೆ, ಆದ್ದರಿಂದ ಬಾಯಾರಿದಾಗ ಕುಡಿಯುತ್ತೇನೆ ಎಂದು ಕಾಯಬಾರದು. ಮಣ್ಣಿನ ಗಡಿಗೆಯಿಂದ ಬೆಳಿಗ್ಗೆಯೇ ಎರಡು ತಂಬಿಗೆ ನೀರು ತೆಗೆದು ಕಣ್ಣೆದುರು ಇಟ್ಟುಕೊಂಡು, ಸಂಜೆಯೊಳಗೆ ಅವು ಖಾಲಿಯಾದವೇ ಎಂದು ನೋಡಿಕೊಳ್ಳಿ. ಅಂಬಲಿ, ನೀರು ಮಜ್ಜಿಗೆ ಇದರ ಮೇಲೆ. ಹೃದಯದ ಅಥವಾ ಮೂತ್ರಪಿಂಡದ ತೊಂದರೆಗೆ ನೀರು ಮಿತಗೊಳಿಸಿರುವವರು, ಮೂತ್ರ ಹೆಚ್ಚಿಸುವ ಗುಳಿಗೆ ನುಂಗುವವರು ಬೇಸಿಗೆಗೆ ಮೊದಲೇ ವೈದ್ಯರಲ್ಲಿ ಪ್ರಮಾಣ ಕೇಳಿಕೊಳ್ಳಿ. ತಲೆ ಸುತ್ತುವುದು, ಮಾತು ತೊದಲುವುದು, ಮೈ ಕಾದಿದ್ದರೂ ಬೆವರು ನಿಂತಿರುವುದು ಬಿಸಿಲ ಹೊಡೆತದ ಲಕ್ಷಣ. ಕುತ್ತಿಗೆಗೂ ಕಂಕುಳಿಗೂ ಒದ್ದೆ ಬಟ್ಟೆಯಿಟ್ಟುಕೊಂಡು ಆ ಕ್ಷಣವೇ ನೆರೆಯವರನ್ನು ಕರೆಯಿರಿ, 108ಕ್ಕೆ ಕರೆ ಮಾಡಿಸಿ.

ತಗಡಿನ ಕೂಲರ್ ಬಳಸುವವರಿಗೆ ವಿಶೇಷ ಎಚ್ಚರಿಕೆ. ಕೂಲರ್ ನಡೆಯುತ್ತಿರುವಾಗಲೇ ನೀರು ಹಾಕಲು ಹೋಗಿ ವಿದ್ಯುತ್ ತಗುಲಿದ ಸಾವುಗಳು ಈ ಭಾಗದ ಬೇಸಿಗೆಯ ಸುದ್ದಿಯಾಗಿಬಿಟ್ಟಿವೆ. ಸ್ವಿಚ್ ಆರಿಸಿ, ಪ್ಲಗ್ ಕಿತ್ತು, ಆಮೇಲೆ ನೀರು ಹಾಕಿ, ಚಪ್ಪಲಿ ಮೆಟ್ಟಿರಿ. ಮನೆಗೆ ಅರ್ಥಿಂಗ್, ಅಂದರೆ ಸೋರಿದ ವಿದ್ಯುತ್ತನ್ನು ನೆಲಕ್ಕೆ ಇಳಿಸುವ ತಂತಿ, ಸರಿಯಾಗಿದೆಯೇ ಎಂದು ಯುಗಾದಿಗೆ ಮುಂಚೆಯೇ ಪರೀಕ್ಷಿಸಿ.

ಹಂತ 7: ದೇಹದ ಲೆಕ್ಕ

ಇದನ್ನು ಚುಟುಕಾಗಿ ಹೇಳುತ್ತೇನೆ. ದಿನದ ಗುಳಿಗೆಗಳನ್ನು ವಾರದ ಡಬ್ಬಿಯಲ್ಲಿ ಹಂಚಿಡಿ. ನಿಮ್ಮ ಕಾಯಿಲೆ, ಗುಳಿಗೆಗಳ ಹೆಸರು, ಒಗ್ಗದ ಔಷಧಿ, ಮಕ್ಕಳ ಫೋನು ಸಂಖ್ಯೆಗಳನ್ನು ಒಂದೇ ಹಾಳೆಯಲ್ಲಿ ಬರೆದು ಬಾಗಿಲ ಹಿಂದೆ ಅಂಟಿಸಿ, ಆಂಬುಲೆನ್ಸಿನವರು ಮೊದಲು ಅದನ್ನೇ ಕೇಳುತ್ತಾರೆ. ಜನೌಷಧಿ ಕೇಂದ್ರಗಳಲ್ಲಿ ಅದೇ ಮದ್ದು ಕಡಿಮೆ ಬೆಲೆಗೆ ಸಿಗುತ್ತದೆ. ವಾರಕ್ಕೆ ಒಟ್ಟು 150 ನಿಮಿಷದ ಚುರುಕು ನಡಿಗೆ ಮತ್ತು ಮೂರು ದಿನ ಸಮತೋಲನದ ಅಭ್ಯಾಸ ಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಗೋಡೆ ಹಿಡಿದು ಒಂದೊಂದು ಕಾಲ ಮೇಲೆ ಹತ್ತು ಎಣಿಸುವವರೆಗೆ ನಿಂತರೆ ಸಮತೋಲನದ ಅಭ್ಯಾಸವಾಯಿತು.

ಕಣ್ಣು ಕಿವಿಗಳನ್ನು ಮಾತ್ರ ಅಲಕ್ಷಿಸಬೇಡಿ. ಅತ್ತೆಗೆ ತಮ್ಮ ಕಣ್ಣಿನ ಪೊರೆ ತಿಳಿದದ್ದು ಬ್ಯಾಳಿಯಿಂದ. ಮೊರದಲ್ಲಿ ಹಸನು ಮಾಡಿದ ಬ್ಯಾಳಿಯಲ್ಲಿ ಎರಡು ದಿನ ಸಾಲಾಗಿ ಹರಳು ಬಾಯಿಗೆ ಸಿಕ್ಕಿತು. ಮೂರನೆಯ ದಿನ ಅವರು ಬಸ್ಸು ಹತ್ತಿ ಕಲಬುರಗಿಯ ಕಣ್ಣಿನ ವೈದ್ಯರ ಬಳಿ ಬಂದರು. ನಿಮ್ಮ ಕೈಕೆಲಸದಲ್ಲಿ ಆಗುವ ಇಂಥ ಸಣ್ಣ ಬದಲಾವಣೆಗಳನ್ನು ವಯಸ್ಸಿನ ಮೇಲೆ ಹಾಕಿ ಸುಮ್ಮನಾಗದಿರಿ. ಕಿವಿ ಕೇಳದವರು ಮೆಲ್ಲಗೆ ಮಾತಿನಿಂದ, ಆಮೇಲೆ ಮಂದಿಯಿಂದ ದೂರವಾಗುತ್ತಾರೆ, ಅದು ತಾವು ಆರಿಸಿಕೊಂಡ ಏಕಾಂತವಲ್ಲ.

ಹಂತ 8: ಹೊತ್ತು ತುಂಬುವ ಕಾಯಕ

ಇಷ್ಟೆಲ್ಲ ಏರ್ಪಾಡು ಮಾಡಿದ ಮೇಲೆ ಉಳಿಯುವುದು ಹೊತ್ತು. ಬೆಳಗಿನ ಹೊತ್ತು ಕೆಲಸದಲ್ಲಿ ಸರಿಯುತ್ತದೆ. ಕಷ್ಟ ಮಧ್ಯಾಹ್ನ ಮೂರರಿಂದ ರಾತ್ರಿ ಎಂಟರವರೆಗಿನದು. ಈ ಐದು ಗಂಟೆಗಳಿಗೆ ಮೊದಲೇ ರೂಪ ಕೊಡಿ. ಕೈಗೆ ಕೆಲಸವಿರಲಿ: ಕೌದಿ ಹೊಲಿಯುವುದು, ಬತ್ತಿ ಹೊಸೆಯುವುದು, ಬ್ಯಾಳಿ ಹಸನು ಮಾಡುವುದು, ಡಬ್ಬಿಯಲ್ಲಿ ನಾಲ್ಕು ಮೆಣಸಿನ ಗಿಡ ಬೆಳೆಸುವುದು. ಇನ್ನೊಬ್ಬರಿಗೆ ಬೇಕಾಗುವ ಒಂದು ಕೆಲಸವೂ ಇರಲಿ. ಓಣಿಯ ಇಬ್ಬರು ಮಕ್ಕಳಿಗೆ ಮಗ್ಗಿ ಹೇಳಿಕೊಡುವ ನಿವೃತ್ತ ಶಿಕ್ಷಕರನ್ನು ಆ ಮಕ್ಕಳೇ ಸಂಜೆ ನಾಲ್ಕಕ್ಕೆ "ಮುತ್ಯಾ" ಎಂದು ಹುಡುಕಿಕೊಂಡು ಬರುತ್ತಾರೆ, ಆಗ ಹೊತ್ತು ಕಳೆಯುವ ಚಿಂತೆಯೇ ಹುಟ್ಟುವುದಿಲ್ಲ.

ಶರಣರ ಈ ನೆಲದಲ್ಲಿ ಕಾಯಕಕ್ಕೆ ನಿವೃತ್ತಿಯ ವಯಸ್ಸು ಹೇಳಿಲ್ಲ. ಹಾಗೆಂದು ಇಡೀ ದಿನ ಗಡಿಬಿಡಿಯಲ್ಲಿಯೂ ಇರಬೇಡಿ. ದಿನಕ್ಕೆ ಅರ್ಧ ಗಂಟೆ ಏನನ್ನೂ ಮಾಡದೆ, ಟಿವಿ ಆರಿಸಿ, ಕಟ್ಟೆಯ ಮೇಲೆ ಸುಮ್ಮನೆ ಕೂರಿ. ಇಷ್ಟಲಿಂಗ ಪೂಜೆ, ಜಪ, ನಮಾಜು, ಧ್ಯಾನ, ನಿಮ್ಮದು ಯಾವುದಿದೆಯೋ ಅದು. ಮೊದಲ ಕೆಲವು ವಾರ ಆ ಅರ್ಧ ಗಂಟೆಯಲ್ಲಿ ಹಳೆಯ ನೋವುಗಳೇ ಮೇಲೆ ಬರುತ್ತವೆ, ಹೆದರಬೇಡಿ. ಕ್ರಮೇಣ ಬೇವಿನ ಮರದ ಗಿಳಿಗಳ ಸದ್ದು, ದೂರದ ಎತ್ತಿನ ಗಂಟೆ ಕಿವಿಗೆ ಬೀಳತೊಡಗುತ್ತವೆ. ಅತ್ತೆಯನ್ನು ಒಮ್ಮೆ ಬೇಸರವಾಗುವುದಿಲ್ಲವೇ ಎಂದು ಕೇಳಿದ್ದೆ. "ನಾ ಒಬ್ಬಾಕಿನೇ ಇದ್ದಾಗ ನನಗ ನಾ ಭಾಳ ಛಲೋ ಸಿಗ್ತೀನಿ ನೋಡಪ್ಪ" ಎಂದರು.

ಹೊರಗೆ ಹೋಗುವ ದಿನವೂ ವಾರದಲ್ಲಿ ಒಂದಿರಲಿ. 60 ದಾಟಿದವರಿಗೆ ಕಲ್ಯಾಣ ಕರ್ನಾಟಕ ಸಾರಿಗೆಯ ಬಸ್ಸಿನಲ್ಲಿ ಶೇ 25 ರಿಯಾಯಿತಿ ಇದೆ, ಮಹಿಳೆಯರಿಗೆ ಸಾಮಾನ್ಯ ಬಸ್ಸುಗಳಲ್ಲಿ ಶಕ್ತಿ ಯೋಜನೆಯಡಿ ಪ್ರಯಾಣ ಉಚಿತ. ಶ್ರಾವಣದ ಪುರಾಣ, ಭಜನೆ, ಮೊಹರಮ್ಮಿನ ಅಲಾಯಿ, ಶರಣಬಸವೇಶ್ವರರ ಜಾತ್ರೆ, ಗ್ರಂಥಾಲಯದ ಪತ್ರಿಕೆ ಮೇಜು, ಎಲ್ಲಿಗಾದರೂ ಸರಿ, ನಿಮ್ಮನ್ನು ಹೆಸರು ಹಿಡಿದು ಕರೆಯುವವರು ಇರುವ ಕಡೆ ಹೋಗಿ.

ಎರಡು ವಾರಕ್ಕಿಂತ ಹೆಚ್ಚು ಕಾಲ ನಿದ್ದೆ ಬಾರದಿದ್ದರೆ, ಊಟ ರುಚಿಸದಿದ್ದರೆ, ಸ್ನಾನ ಮಾಡಲೂ ಮನಸ್ಸಾಗದಿದ್ದರೆ ಅದು ವೈರಾಗ್ಯವಲ್ಲ, ಖಿನ್ನತೆ ಎಂಬ ಕಾಯಿಲೆ ಇರಬಹುದು. ಅದಕ್ಕೆ ಜಿಲ್ಲಾ ಆಸ್ಪತ್ರೆಯ ಮನೋವೈದ್ಯರಲ್ಲಿ ಚಿಕಿತ್ಸೆ ಇದೆ. ಬದುಕೇ ಬೇಡವೆನಿಸಿದರೆ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಯಾವಾಗ ಬೇಕಾದರೂ ಕರೆ ಮಾಡಿ, ಕನ್ನಡದಲ್ಲಿಯೇ ಮಾತನಾಡಬಹುದು.

ಹಂತ 9: ಹೊರಡುವ ದಿನವನ್ನು ನೀವೇ ಬರೆದಿಡಿ

ಕೊನೆಯ ಹಂತವನ್ನು ಹೆಚ್ಚಿನವರು ಮಾಡುವುದಿಲ್ಲ. ಒಬ್ಬರೇ ಇರುವುದನ್ನು ಯಾವಾಗ ನಿಲ್ಲಿಸಬೇಕು ಎಂಬುದನ್ನು ಮೈಯಲ್ಲಿ ಶಕ್ತಿ, ಬುದ್ಧಿಯಲ್ಲಿ ತಿಳಿ ಇರುವಾಗಲೇ ನಿರ್ಧರಿಸಿ, ನಿಮ್ಮ ಕೈಬರಹದಲ್ಲಿ ಬರೆದು ಮಕ್ಕಳಿಗೊಂದು ಪ್ರತಿ ಕೊಡಿ. ಹಾಗೆ ಬರೆದಿದ್ದರೆ ಮಕ್ಕಳು ನಿಮ್ಮ ಮೇಲೆ ಒತ್ತಾಯ ಹೇರಿದಂತಾಗುವುದಿಲ್ಲ, ನೀವೂ ಹಟ ಹಿಡಿದಂತಾಗುವುದಿಲ್ಲ. ಷರತ್ತುಗಳು ಅಳೆದು ನೋಡುವಂತಿರಲಿ: "ಕೈಲಾಗದಿದ್ದಾಗ" ಎಂದು ಬರೆದರೆ ಯಾರಿಗೂ ಅರ್ಥವಾಗದು. ಎಲ್ಲಿಗೆ ಹೋಗಬೇಕು, ಮನೆಯನ್ನು ಯಾರು ನೋಡಿಕೊಳ್ಳಬೇಕು, ಗುಳಿಗೆಯ ಡಬ್ಬಿಯ ಜೊತೆ ಇನ್ನೇನು ಕಟ್ಟಿಕೊಳ್ಳಬೇಕು ಎಂಬುದೂ ಅದರಲ್ಲಿರಲಿ. ಪ್ರತಿ ವರ್ಷ ದಸರೆಗೆ ಓದಿ, ಬೇಕಾದರೆ ತಿದ್ದಿ, ತಾರೀಖು ಹಾಕಿ.

ಅತ್ತೆಯ ಹಾಳೆ ದೇವರ ಮಾಡದಲ್ಲಿ ವಿಭೂತಿ ಕರಡಿಗೆಯ ಕೆಳಗಿದೆ. ಅದರಲ್ಲಿ ಎರಡೇ ಸಾಲು: ಬಚ್ಚಲಿಗೆ ಹೋಗಲು ಇನ್ನೊಬ್ಬರ ಕೈ ಬೇಕಾದ ದಿನ, ಹಸಿರು ಅರಿವೆ ಕಟ್ಟುವುದನ್ನು ವಾರದಲ್ಲಿ ಎರಡು ಸಲ ಮರೆತ ದಿನ.